ಡಚ್ ತಾತನ ಹೊಟ್ಟೆಪಾಡು

ಕಳೆದ ಗುರುವಾರ ನಮ್ಮ ಸ್ಟಾಕ್‌ಹೋಮ್ ಆಫೀಸಿನ ಫಿಕಾದಲ್ಲಿ ಬಾಯಿ ಹಾಕಿ ಕೆಟ್ಟೆ. (ಫಿಕಾ ಅಂದರೆ ಕಾಫಿ, ಬನ್ನು ಮತ್ತು ಯಾರಿಗೂ ನೋವಾಗದಂಥ ಮಾತು.)

ನನ್ನ ಪಕ್ಕದ ಸೀಟಿನ ಮರೈಕೆ ಹಾಲೆಂಡಿನವಳು. ಬನ್ನು ಮುರಿಯುತ್ತಾ "ನಮ್ಮ ತಾತ ಸಿನಿಮಾ ಆಕ್ಟರ್, ಎರಡನೇ ಮಹಾಯುದ್ಧದ ಕಾಲದಲ್ಲಿ" ಅಂದಳು. ಸಿನಿಮಾ ಅಂದಮೇಲೆ ಕನ್ನಡದವನು ಕೇಳೋ ಪ್ರಶ್ನೆ ಒಂದೇ ತಾನೆ?

"ಹೀರೋನಾ, ವಿಲನ್ನಾ?"

ಸ್ವೀಡಿಷ್ ಸಹೋದ್ಯೋಗಿಗಳೆಲ್ಲ ಕಪ್ಪಿನೊಳಗೆ ಇಣುಕತೊಡಗಿದರು. (ಆ ಯುದ್ಧದಲ್ಲೂ ಇವರು ತಟಸ್ಥರೇ, ಬಿಡಿ.) ಮರೈಕೆ ಮೆಲ್ಲಗೆ "ಅದೇ ನಮಗೂ ಗೊತ್ತಿಲ್ಲ" ಅಂದಳು. ಅಯ್ಯೋ ಶಿವನೇ!

ಆಮೇಲೆ ಲಿಫ್ಟ್ ಹತ್ತಿರ ಹೋಗಿ ಸಾರಿ ಕೇಳಿದೆ. ಆಗ ಕಥೆ ಹೊರಬಂತು. ತಾತ ಮಾಡಿದ್ದು ವೇಟರ್, ಪೋಸ್ಟ್‌ಮ್ಯಾನ್, ಅಬ್ಬಬ್ಬಾ ಅಂದರೆ ಹೀರೋಯಿನ್‌ನ ಪೆದ್ದ ಸೋದರಮಾವ. ಅಷ್ಟರಲ್ಲಿ ಜರ್ಮನ್ನರು ಬಂದು ದೇಶ ಹಿಡಿದರು. ನಟಿಸಬೇಕಾದರೆ ಅವರ ಕಲಾವಿದರ ಸಂಘ ಸೇರಬೇಕು, ಸಹಿ ಹಾಕಬೇಕು. ಯಹೂದಿಗಳಿಗೆ ಅದರಲ್ಲಿ ಜಾಗವೇ ಇಲ್ಲ. ತಾತ ಸಹಿ ಹಾಕಿದ. ಯುದ್ಧ ಮುಗಿದ ಮೇಲೆ, ಶತ್ರುವಿಗೆ ಸಹಿ ಹಾಕಿದವನು ಅಂತ ಒಬ್ಬರೂ ಕರೆಯಲಿಲ್ಲ. ಕೆರಿಯರ್ ಖತಂ.

ಈಗ ತಕರಾರು ಏನಪ್ಪಾ ಅಂದರೆ, ಮರೈಕೆಯ ಅಮ್ಮ ಮಗಳ ಮನೆಗೆ ಬಂದು ಸೇರಿದ್ದಾರೆ. ಎಂಬತ್ತು ದಾಟಿದೆ, ಯುದ್ಧದ ಕಾಲದಲ್ಲಿ ಕೂಸು. ಜೊತೆಗೆ ತಮ್ಮ ಅಪ್ಪನ, ಅಂದರೆ ಆ ತಾತನ, ಫೋಟೋ ತಂದಿದ್ದಾರೆ, ಮೇಕಪ್ ಹಾಕಿಕೊಂಡು ನಗುತ್ತಿರೋದು. ಗೋಡೆಗೆ ಹಾಕೋಕೆ ನಾಚಿಕೆ, ಎಸೆಯೋಕೆ ಮನಸ್ಸು ಬರಲ್ಲ. ದಿನಾ ಸೂಟ್‌ಕೇಸಿನಿಂದ ತೆಗೆದು, ಒರೆಸಿ, ಅತ್ತು, ಮತ್ತೆ ಒಳಗಿಡೋದು.

"ಹೊಟ್ಟೆಪಾಡು ಮಾರಾಯ್ತಿ!" ಅಂತ ಕನ್ನಡದಲ್ಲೇ ಅಂದುಬಿಟ್ಟೆ. ಹಾಗಂದ್ರೇನು ಅಂದಳು. ಇಂಗ್ಲಿಷಿನಲ್ಲಿ ತಡಕಾಡಿದೆ, ಸಿಗಲಿಲ್ಲ. "ಹೊಟ್ಟೆ ಇದೆಯಲ್ಲ, ಅದನ್ನು ತುಂಬಿಸೋಕೆ ಪಡೋ ಪಾಡು" ಅಂತ ನನ್ನ ಡೊಳ್ಳುಹೊಟ್ಟೆ ತಟ್ಟಿ ತೋರಿಸಿದೆ. ನಮ್ಮಲ್ಲಿ ಇದೊಂದು ಪದ ಸಾಕು. ಲಂಚದಿಂದ ಹಿಡಿದು ಕೆಟ್ಟ ಸೀರಿಯಲ್‌ವರೆಗೆ ಎಲ್ಲಕ್ಕೂ ಮಾಫಿ!

"ಸಹಿ ಹಾಕದೆ ಇದ್ದವರಿಗೂ ಹೊಟ್ಟೆ ಇತ್ತಲ್ವಾ?" ಅಂದಳು ಮರೈಕೆ.

ನಾನು ಹೊಟ್ಟೆ ಮೇಲಿನ ಕೈ ತೆಗೆದು ಲಿಫ್ಟ್ ಬಟನ್ ಒತ್ತಿದೆ.

ಸೋಮವಾರ ಅವಳೇ ನನ್ನ ಸೀಟಿಗೆ ಬಂದಳು. ನನ್ನ ಪದವನ್ನು ಅಮ್ಮನಿಗೆ ಹೇಳಿದಳಂತೆ. ಅಮ್ಮ "ಹೊತೆಪಾದು, ಹೊತೆಪಾದು" ಅಂತ ಎರಡು ಸಲ ಬಾಯಲ್ಲಿ ಆಡಿಸಿ, ಹೇಳಿದರಂತೆ:

"ಆ ಹೊಟ್ಟೆ ನನ್ನದೇ. ಅವತ್ತು ಉಂಡವಳು ನಾನು. ಫೋಟೋನ ಅಡುಗೆಮನೆಯಲ್ಲಿ ಹಾಕು. ಹಾಲ್‌ನಲ್ಲಿ ಬೇಡ."

ಎಂಥಾ ಜಡ್ಜ್‌ಮೆಂಟ್ ನೋಡಿ! ಯಾವ ಕೋರ್ಟೂ ಇಷ್ಟು ನೀಟಾಗಿ ಕೊಡಲ್ಲ. ಅಪ್ಪನನ್ನು ಬಿಟ್ಟುಕೊಡಲಿಲ್ಲ, ಬಂದವರ ಮುಂದೆ ಮೆರೆಸಲೂ ಇಲ್ಲ. ಕೇಳಿ ನನ್ನ ಕಣ್ಣು ಒದ್ದೆಯಾಯಿತು, ಸುಳ್ಳೇಕೆ ಹೇಳಲಿ.

ಅಂದಹಾಗೆ ನಾನೂ ವರ್ಕ್ ಪರ್ಮಿಟ್ ಮೇಲಿರೋ ಪ್ರಾಣಿ. ಮ್ಯಾನೇಜರ್ ಬೆರಳಿಟ್ಟ ಕಡೆಯೆಲ್ಲ ಓದದೆ ಸಹಿ ಹಾಕ್ತೀನಿ.

ನನ್ನ ಮೊಮ್ಮಕ್ಕಳು ನನ್ನನ್ನು ಯಾವ ರೂಮಿನಲ್ಲಿ ನೇತುಹಾಕ್ತಾರೋ?