ಮರಿಸ್ವಾಮಿಯ ಮಂಡಿ, ಪುಣೆಯ ಮಾಂಡಿ

ಹೊಸ ಫ್ಲ್ಯಾಟಿಗೆ ಕಾಲಿಟ್ಟವರು ಮೊದಲು ನೆಲ ನೋಡುತ್ತಾರೆ. ಟೈಲ್ಸ್ ಯಾವ ಕಂಪನಿಯದು ಎಂದು ಕೇಳುತ್ತಾರೆ. ಹಾಸಿದವನು ಯಾರು ಎಂದು ಕೇಳಿದವರನ್ನು ನಾನಂತೂ ಕಂಡಿಲ್ಲ. ಆ ನೆಲದ ಒಂದೊಂದು ಚೌಕದ ಎದುರೂ ಒಬ್ಬ ಮನುಷ್ಯ ಮಂಡಿಯೂರಿ, ಹಿಂದಕ್ಕೆ ಹಿಂದಕ್ಕೆ ಸರಿಯುತ್ತ ಬಾಗಿಲವರೆಗೆ ಹೋಗಿರುತ್ತಾನೆ. ದೇವರ ಮುಂದೆ ನಮ್ಮಲ್ಲಿ ಯಾರೂ ಅಷ್ಟು ಮಂಡಿಯೂರಿರಲಾರರು.

ಮರಿಸ್ವಾಮಿ ಅಂಥವನು. ತಿ. ನರಸೀಪುರದ ಕಡೆಯವನು. ಸೋದರಮಾವನ ಹಿಂದೆ ಮೈಸೂರಿನಲ್ಲಿ ಟೈಲ್ಸ್ ಕೆಲಸ ಕಲಿತ, ಗುತ್ತಿಗೆದಾರನೊಬ್ಬನ ಹಿಂದೆ ಪುಣೆಗೆ ಬಂದ, ಇಲ್ಲೇ ಉಳಿದ. ಭೋಸರಿಯಲ್ಲಿ ಒಂದು ಕೋಣೆ. ಹೆಂಡತಿ ಪುಟ್ಟತಾಯಮ್ಮ ಅಲ್ಲೇ ಒಂದು ಕಾರ್ಖಾನೆಯ ಕ್ಯಾಂಟೀನಿನಲ್ಲಿ ಪಾತ್ರೆ ತೊಳೆಯುತ್ತಾಳೆ. ಅವನಿಗೆ ಮರಾಠಿ ಎಷ್ಟು ಬರುತ್ತದೆ ಅಂದರೆ: ಪಾಣಿ, ರೇತಿ ಅಂದರೆ ಮರಳು, ಸಿಮೆಂಟ್, ಲೆವೆಲ್, ಉದ್ಯಾ ಅಂದರೆ ನಾಳೆ. ಅಷ್ಟು ಮರಾಠಿಯಲ್ಲಿ ಊರಿಗೆಲ್ಲ ನೆಲ ಹಾಸಬಹುದು. ಕಾಯಿಲೆ ಬೀಳಲು ಮಾತ್ರ ಅಷ್ಟು ಸಾಲದು.

ಅವನು ಬಿದ್ದದ್ದು ಕಟಕಟೆಯಿಲ್ಲದ ಮೆಟ್ಟಿಲ ಮೇಲೆ. ಯಾರೋ ಚೆಲ್ಲಿದ ಸಿಮೆಂಟ್ ನೀರು ಹಾಗೇ ಇತ್ತು. ಎರಡೂ ಕೈಯಲ್ಲಿ ಟೈಲ್ಸಿನ ಪೆಟ್ಟಿಗೆ. ಬಿಟ್ಟಿದ್ದರೆ ಕೈ ಊರಬಹುದಿತ್ತು. ಬಿಡಲಿಲ್ಲ. ಇಡೀ ಮೈಯ ಭಾರ ಬಲಮಂಡಿಯ ಮೇಲೆ, ಮೆಟ್ಟಿಲ ಅಂಚಿಗೆ ಬಿತ್ತು.

“ಟೈಲು ಒಂದೂ ಒಡೀಲಿಲ್ಲ ಕಣಣ್ಣ” ಎಂದು ಅವನು, ಬಿದ್ದ ಎಷ್ಟೋ ದಿನದ ಮೇಲೆ ಪರಿಚಯವಾದ ನನಗೆ ಹೇಳಿದ. ಹೆಮ್ಮೆಯಿಂದಲೇ ಹೇಳಿದ. ನನಗೆ ಮೈಯೆಲ್ಲ ಉರಿದುಹೋಯಿತು.

ಸೂಪರ್‌ವೈಸರ್ ವಿಕಾಸ ಬೈಕಿನಲ್ಲಿ ಕೂರಿಸಿಕೊಂಡು ಹತ್ತಿರದ ಒಂದು ಖಾಸಗಿ ದವಾಖಾನೆಗೆ ಕರೆದೊಯ್ದ. ಅವನಿಗೆ ಸೈಟಿಗೆ ಮರಳುವ ಅವಸರ. ಮೇಜಿನಾಚೆ ಡಾಕ್ಟರು, ಮೊಬೈಲು, ಈಚೆ ಸಾಲು ಸಾಲು ಜನ.

“ಕುಠೇ ದುಖತಂಯ್?” ಎಲ್ಲಿ ನೋವು ಎಂದು ಕೇಳಿದರು ಡಾಕ್ಟರು.

“ಮಂಡಿ ಸಾರ್, ಮಂಡಿ!”

ಮಂಡಿಯನ್ನು ಮುಟ್ಟಲಾಗದಷ್ಟು ನೋವು. ಆದ್ದರಿಂದ ಅವನ ಎರಡೂ ಕೈ ತೊಡೆಯನ್ನು ಹಿಡಿದು ಕಾಲಿನ ಭಾರ ಹೊತ್ತಿದ್ದವು. ಮರಾಠಿಯಲ್ಲಿ ಮಾಂಡಿ ಅಂದರೆ ತೊಡೆ. ಡಾಕ್ಟರಿಗೆ ಕೇಳಿಸಿದ್ದೂ ತೊಡೆ, ಕಂಡದ್ದೂ ತೊಡೆ. ಚೀಟಿಯಲ್ಲಿ ತೊಡೆ ಎಂದೇ ಬರೆದರು. ಎಕ್ಸ್‌ರೇಯವನು ಚೀಟಿ ನೋಡಿ ತೊಡೆಯ ಚಿತ್ರವನ್ನೇ ತೆಗೆದ. ತೊಡೆಯ ಮೂಳೆ ಕಲ್ಲಿನಂತಿತ್ತು.

“ಹಾಡ ಠೀಕ್ ಆಹೇ” ಎಂದು ವಿಕಾಸ ಬೆನ್ನು ತಟ್ಟಿದ. ಮೂಳೆ ಸರಿಯಾಗಿದೆಯಂತೆ. ಒಂದು ಇಂಜೆಕ್ಷನ್, ತೊಡೆಗೆ ಹಚ್ಚಿಕೊಳ್ಳಲು ಒಂದು ಮುಲಾಮು, ಮನೆ.

ಒಂದು ಪದ ಮೋಸ ಮಾಡಿತು ಎಂದು ಇದನ್ನು ನಕ್ಕು ಮರೆಯುವವರಿದ್ದಾರೆ. ನನಗೆ ನಗು ಬರುವುದಿಲ್ಲ. ಗಡಿ ದಾಟುವಾಗ ಪದ ಒಂದು ಗೇಣು ಮೇಲಕ್ಕೆ ಸರಿಯಿತು, ಒಪ್ಪಿದೆ. ಕಣ್ಣಿಗೇನಾಗಿತ್ತು? ಸಿಮೆಂಟು ಮೆತ್ತಿದ ಆ ಪ್ಯಾಂಟನ್ನು ಮೊಣಕಾಲ ಮೇಲಕ್ಕೆ ಎತ್ತಿದ್ದರೆ, ತೆಂಗಿನಕಾಯಿಯಂತೆ ಊದಿದ್ದು ಯಾವ ಭಾಷೆಯಲ್ಲಾದರೂ ಕಾಣುತ್ತಿತ್ತು. ಪ್ಯಾಂಟಿಗೆ ಕೈ ಹಚ್ಚಿದರೆ ಡಾಕ್ಟರ ಕೈಗೆ ಸಿಮೆಂಟು ಹತ್ತುತ್ತಿತ್ತು, ಅಷ್ಟೇ.

ಅಲ್ಲಿಂದಾಚೆ ಮರಿಸ್ವಾಮಿಯದು ಕಳ್ಳನ ಬಾಳು. ಎಕ್ಸ್‌ರೇ ಸರಿಯಿದೆ, ಕಾಲು ಸರಿಯಿಲ್ಲ. ಸಮನೆಲದಲ್ಲಿ ಕಾಲನ್ನು ಕೋಲಿನಂತೆ ಬಿಗಿಹಿಡಿದು, ಕೈಯಿಂದ ತೊಡೆ ಒತ್ತಿಕೊಂಡು ಹೇಗೋ ನಡೆಯುತ್ತಿದ್ದ. ಮೆಟ್ಟಿಲು ಬಂತೆಂದರೆ ಕಾಲು ಮಡಚಿ ಕುಸಿಯುತ್ತಿತ್ತು. ಒಮ್ಮೆ ದವಾಖಾನೆಗೆ ಮತ್ತೆ ಹೋದ. ಕಂಪೌಂಡರ್ ಚೀಟಿ ನೋಡಿ, ನಡೆ, ನಡೆದಷ್ಟೂ ಒಳ್ಳೆಯದು ಎಂದು ಕೈಸನ್ನೆ ಮಾಡಿ ಕಳಿಸಿದ. ವಿಕಾಸ ಫೋನಿನಲ್ಲಿ “ನಾಟಕ್ ಬಂದ್ ಕರ್” ಎಂದ. ನಾಟಕ ನಿಲ್ಲಿಸಬೇಕಂತೆ. ಕೊನೆಗೆ ಪುಟ್ಟತಾಯಮ್ಮನೂ ಒಂದು ದಿನ ಅಂದುಬಿಟ್ಟಳು:

“ಫೋಟೋದಲ್ಲಿ ಏನೂ ಇಲ್ವಂತೆ. ನಿನ್ಗೇನ್ ಮನಸಿಗ್ ಹಿಡ್ಕಂಡದಾ?”

“ಇರ್ಬೋದು ಕಣೆ” ಎಂದನಂತೆ ಅವನು. ತನ್ನ ನೋವಿನ ಮೇಲೆ ತನಗೇ ನಂಬಿಕೆ ಹೋಗುವಂತೆ ಮಾಡಿದ ವೈದ್ಯವನ್ನು ಏನೆಂದು ಕರೆಯೋಣ?

ಮೂರು ವಾರ ಕಳೆದ ಮೇಲೆ ಪಕ್ಕದ ಕೋಣೆಯ ರಂಗೂಬಾಯಿ ಮಗಳ ಬಾಣಂತನ ಮುಗಿಸಿ ದೌಂಡದಿಂದ ವಾಪಸು ಬಂದರು. ಧಾರವಾಡದ ಹೆಣ್ಣುಮಗಳು, ಮದುವೆಯಾಗಿ ಇಲ್ಲಿಗೆ ಬಂದವರು, ಮರಾಠಿ ನೀರು ಕುಡಿದಷ್ಟು ಸಲೀಸು. ಮರಿಸ್ವಾಮಿ ಹೊಸ್ತಿಲು ದಾಟಲು ಒದ್ದಾಡುವುದನ್ನು ಕಂಡು ಒಳಗೆ ಬಂದರು. ಎಕ್ಸ್‌ರೇ ತೋರಿಸಿ ಎಂದರು. ಕಿಟಕಿಗೆ ಹಿಡಿದು ನೋಡಿದರು.

“ಇದು ತೊಡಿ ಎಲುಬು ಅಲ್ಲೇನ್ರಿ? ಬಾವು ನೋಡಿದ್ರ ಮಣಕಾಲಿಗೆ ಬಂದದ. ಡಾಕ್ಟರ್ ಮುಂದ ಏನಂದ್ರಿ ನೀವು?”

“ಮಂಡಿ ಅಂದೆ ಕಣಕ್ಕ.”

“ಅಯ್ಯ ನಮ್ಮಪ್ಪಾ! ಇಲ್ಲಿ ಮಾಂಡಿ ಅಂದ್ರ ತೊಡಿ ರೀ! ಮಣಕಾಲಿಗೆ ಗುಡಘಾ ಅಂತಾರ!” ರಂಗೂಬಾಯಿಗೆ ನಗು ಉಕ್ಕಿತು. ಮರಿಸ್ವಾಮಿಯ ಮುಖ ನೋಡಿ ಅರ್ಧಕ್ಕೇ ನಿಂತಿತು. “ಪುಟ್ಟತಾಯವ್ವಾ, ರಿಕ್ಷಾ ಕರೀರಿ. ದೊಡ್ಡ ಆಸ್ಪತ್ರಿಗೆ ನಾನೂ ಬರ್ತೀನಿ.”

ಸರಕಾರಿ ಆಸ್ಪತ್ರೆಯಲ್ಲಿ ಅವರಿಗೆ ಸಿಕ್ಕಿದ್ದು ಹರ್ಷದಾ ಎಂಬ ಕಿರಿಯ ಮೂಳೆವೈದ್ಯೆ. ಆಕೆ ಮೊದಲು ಪ್ಯಾಂಟು ಎತ್ತಿದಳು. ಆಮೇಲೆ, ಕಾಲು ಮಡಚದೆ ಹಾಸಿಗೆಯಿಂದ ಮೇಲೆತ್ತು ಎಂದಳು. ಮರಿಸ್ವಾಮಿ ಹಲ್ಲು ಕಚ್ಚಿದ. ತೊಡೆ ಬಿಗಿಯಿತು, ಹಿಮ್ಮಡಿ ಅಲುಗಲಿಲ್ಲ. ತನ್ನ ಪಾದವನ್ನು ಬೇರೆಯವರದ್ದೆಂಬಂತೆ ನೋಡುತ್ತ ಮಲಗಿದ್ದ. ಮಂಡಿಚಿಪ್ಪಿನ ಮೇಲೆ ಆಡಿದ ಹರ್ಷದಾಳ ಬೆರಳು ನಡುವೆ ಒಂದು ಸಂದಿಯಲ್ಲಿ ಇಳಿಯಿತು. ಹೊಸ ಎಕ್ಸ್‌ರೇಯಲ್ಲಿ ಅದೇ ಕಂಡಿತು: ಚಿಪ್ಪು ಅಡ್ಡಡ್ಡ ಮುರಿದು, ಮೇಲಿನ ತುಂಡು ಮೇಲಕ್ಕೆ ಏರಿ ಕೂತಿತ್ತು.

ಆಕೆ ಮರಾಠಿಯಲ್ಲಿ ಹೇಳುತ್ತ ಹೋದಳು, ರಂಗೂಬಾಯಿ ಕನ್ನಡದಲ್ಲಿ. “ಇವ್ರು ಚಿಪ್ಪಿಗೆ ವಾಟಿ ಅಂತಾರ್ರೀ, ಬಟ್ಟಲಾ. ಅದು ಬರೇ ಮುಚ್ಚಳ ಅಲ್ಲಂತ. ತೊಡಿ ಸ್ನಾಯು ಅದನ್ನ ಹಿಡದಾ ಕೆಳಗಿನ ಕಾಲು ಎತ್ತತದಂತ. ಹಗ್ಗ ನಡುವ ಹರದ್ರ ಬಾವ್ಯಾಗಿನ ಕೊಡ ಮ್ಯಾಲ ಬರತದೇನು?”

ಹರ್ಷದಾ ವಿವರಿಸಿದಂತೆ, ಚಿಪ್ಪು ಬರೀ ಬಿರುಕು ಬಿಟ್ಟು ತುಂಡುಗಳು ಜಾಗದಲ್ಲೇ ಇದ್ದರೆ, ಕಾಲು ಮೇಲೆತ್ತಲು ಬಂದರೆ, ಚಾಕು ಬೇಕಿಲ್ಲ. ಪ್ಲಾಸ್ಟರೋ ಪಟ್ಟಿಯೋ ಹಾಕಿ, ಸುಮಾರು ಆರು ವಾರ ಕಾಲನ್ನು ನೆಟ್ಟಗೆ ಇಟ್ಟರೆ ಕೂಡುತ್ತದೆ. ಉದ್ದುದ್ದ ಸೀಳಿದ ಚಿಪ್ಪೂ ಹೆಚ್ಚಾಗಿ ಹಾಗೆಯೇ ಕೂಡುವಂಥದು. ಮರಿಸ್ವಾಮಿಯದರಂತೆ ಅಡ್ಡಡ್ಡ ಮುರಿದು ದೂರ ಸರಿದರೆ ತೆರೆದು ಎರಡು ತುಂಡನ್ನೂ ಹತ್ತಿರ ತಂದು, ಸರಳು ತೂರಿಸಿ, ಎಂಟರ ಅಂಕಿಯಂತೆ ತಂತಿ ಸುತ್ತಿ ಬಿಗಿಯಬೇಕು. ಪುಡಿಪುಡಿಯಾಗಿದ್ದರೆ ಕೂಡಿಸಲಾದಷ್ಟನ್ನು ಕೂಡಿಸಿ, ಆಗದ ಚೂರುಗಳನ್ನು ತೆಗೆದು, ಉಳಿದದ್ದಕ್ಕೆ ಸ್ನಾಯುವಿನ ತುದಿ ಹೊಲಿಯುತ್ತಾರೆ. ಇಡೀ ಚಿಪ್ಪು ತೆಗೆಯುವುದು ಬೇರೆ ದಾರಿಯೇ ಇಲ್ಲದಾಗ.

“ಒಡ್ದೋದ್ ಟೈಲ ನಾವ್ ಕಿತ್ತಾಕ್ತೀವಿ. ಇವ್ರೂ ಕಿತ್ತಾಕ್ತಾರಾ ಕೇಳಕ್ಕ” ಎಂದ ಮರಿಸ್ವಾಮಿ.

ಹರ್ಷದಾ ನಕ್ಕಳು. ಹಾಕಲು ಪೆಟ್ಟಿಗೆಯಲ್ಲಿ ಇನ್ನೊಂದು ಇದ್ದರೆ ತಾನೆ ಕಿತ್ತುಹಾಕುವುದು, ಇದನ್ನೇ ಉಳಿಸುತ್ತೇನೆ ಎಂದಳು.

“ಮತ್ತೆ ಮಂಡಿ ಊರ್ಬೋದಾ?”

ರಂಗೂಬಾಯಿ ಈ ಪ್ರಶ್ನೆಯನ್ನು ದಾಟಿಸಿದಾಗ ಹರ್ಷದಾಳ ನಗು ಹೋಯಿತು. ಬಿದ್ದ ದಿನವೇ ಬಂದಿದ್ದರೆ ಬಹುಶಃ ಎನ್ನುತ್ತಿದ್ದೆ, ಈಗ ಸ್ನಾಯು ಮೇಲೆಳೆದು ಗಿಡ್ಡವಾಗಿದೆ, ಕೆಳಗಿನ ತುಂಡೂ ನಡೆದು ನಡೆದು ಸವೆದಿದೆ ಎಂದಳು. ನಡೆ, ನಡೆದಷ್ಟೂ ಒಳ್ಳೆಯದು ಎಂದಿದ್ದನಲ್ಲ ಆ ಕಂಪೌಂಡರ್.

ಆಪರೇಷನ್ ಆಯಿತು. ತಂತಿ ಬಿಗಿದರು. ತಿಂಗಳುಗಟ್ಟಲೆ ವ್ಯಾಯಾಮ. ಹಿಮ್ಮಡಿ ಹಾಸಿಗೆ ಬಿಟ್ಟು ಎದ್ದ ದಿನ ಪುಟ್ಟತಾಯಮ್ಮ ಸೆರಗು ಬಾಯಿಗೊತ್ತಿಕೊಂಡು ಅತ್ತಳು. ಕಾಲು ಎದ್ದಿತು, ನಡೆಯಿತು, ಮೆಟ್ಟಿಲನ್ನೂ ಹತ್ತಿತು. ಮಡಚಿದರೆ ಮಾತ್ರ ಕುರ್ಚಿಯಲ್ಲಿ ಕೂತವನ ಕಾಲಿನಷ್ಟಕ್ಕೆ ನಿಂತಿತು. ಒಂದು ಮಧ್ಯಾಹ್ನ ಅವನು ಬಾಗಿಲು ಹಾಕಿಕೊಂಡು, ಗೋಣಿಚೀಲ ಮಡಿಸಿ ಹಾಸಿ, ಅದರ ಮೇಲೆ ಮಂಡಿಯೂರಲು ನೋಡಿದ. ಚರ್ಮದ ಕೆಳಗಿನ ತಂತಿಗೆ ನೆಲ ತಗುಲಿತು. ಅವನ ಕೂಗು ಓಣಿಯ ನಲ್ಲಿಯವರೆಗೂ ಕೇಳಿಸಿತು. ಪುಟ್ಟತಾಯಮ್ಮ ಕೊಡ ಬಿಟ್ಟು ಓಡಿ ಬಂದಳು. ತಂತಿಯನ್ನು ಮುಂದೆ ತೆಗೆಯಬಹುದಂತೆ. ಬಾಗು ಮರಳುವ ಮಾತನ್ನು ಯಾರೂ ಆಡುತ್ತಿಲ್ಲ. ಮಂಡಿ ಬಾಗದ ಟೈಲ್ಸ್ ಕೆಲಸಗಾರ ಅಂದರೆ ಯಾರು? ಅವನಿಗೆ ಗೊತ್ತಿರುವುದು ಅದೊಂದೇ ಕೆಲಸ.

ಅವನು ಆ ಮೊದಲ ದವಾಖಾನೆಗೆ ಹೋಗುತ್ತೇನೆಂದಾಗ ಜಗಳಕ್ಕೆ ಎಂದುಕೊಂಡೆ. ನನಗೂ ಜಗಳವೇ ಬೇಕಿತ್ತು.

“ಜಗ್ಳ ಯಾಕಣ್ಣ? ಅವ್ರು ನೋಡೇ ಇಲ್ವಲ್ಲ. ಒಂದ್ಸಲ ನೋಡ್ಲಿ ಅಂತ.”

ಮಾತಿಗೆ ರಂಗೂಬಾಯಿ, ಜೊತೆಗೆ ನಾನು. ಕುರ್ಚಿಗಳೆಲ್ಲ ತುಂಬಿದ್ದವು. ಗೋಡೆಯ ಬದಿಗೆ ಇನ್ನೂ ಕೆಲವರು ನೆಲದ ಮೇಲೆ ಕೂತಿದ್ದರು. ಕೌಂಟರಿನ ಹುಡುಗಿ ಮರಿಸ್ವಾಮಿಗೆ ನೆಲ ತೋರಿಸಿದಳು. “ಖಾಲೀ ಮಾಂಡಿ ಘಾಲೂನ್ ಬಸಾ.” ಕೆಳಗೆ ಚಕ್ಕಂಬಕ್ಕಳ ಹಾಕಿ ಕೂತ್ಕೊಳ್ಳಿ. ಅವಳು ಕೆಟ್ಟದಾಗಿ ಏನೂ ಹೇಳಲಿಲ್ಲ. ಪುಣೆಯಲ್ಲಿ ಮಕ್ಕಳಿಗೂ ಅತಿಥಿಗೂ ಹೇಳುವ ಮಾತು.

ಈ ಸಲ ಮರಿಸ್ವಾಮಿಗೆ ಆ ಪದ ಸರಿಯಾಗಿ ಅರ್ಥವಾಯಿತು. ಗೋಡೆಗೆ ಒರಗಿ ನಿಂತೇ ಇದ್ದ.

ಡಾಕ್ಟರು ಮುಂದಿನವರನ್ನು ಕರೆಯಲು ಬಾಗಿಲಿಗೆ ಬಂದವರು ಅವನನ್ನು ನೋಡಿ, ಆ ಮನುಷ್ಯ ಯಾಕೆ ನಿಂತಿದ್ದಾನೆ, ಕೂರಲು ಹೇಳಿ ಎಂದರು. ಅವರಿಗೆ ಗುರುತು ಹತ್ತಿರಲಿಲ್ಲ. ರಂಗೂಬಾಯಿ ಉತ್ತರ ಕೊಡಲು ಸೆರಗು ಸಿಕ್ಕಿಸಿಕೊಂಡು ಮುಂದೆ ಬಂದರು. ಮರಿಸ್ವಾಮಿ ಅವರ ಮುಂದೆ ಕೈ ಅಡ್ಡ ಹಿಡಿದ. ಇಷ್ಟಕ್ಕಾಗುವ ಮರಾಠಿ ಅವನಲ್ಲಿರಲಿಲ್ಲ. ಬಗ್ಗಿ, ಬಲಗಾಲ ಪ್ಯಾಂಟನ್ನು ಮೊಣಕಾಲ ಮೇಲಕ್ಕೆ ತಾನೇ ಎತ್ತಿ ಹಿಡಿದ.