ಅತ್ತಿಗೆಯ ನದಿ

ನನ್ನ ಹೆಂಡತಿಯ ಅಕ್ಕನನ್ನು ನಾನು ಮೊದಲ ಸಲ ನೋಡಿದ್ದು ಬೆನ್ನಿನ ಕಡೆಯಿಂದ. ಮಳೆ ಆಗಷ್ಟೇ ನಿಂತಿತ್ತು. ಮನೆಯ ಮುಂದಿನ ಚರಂಡಿಯ ಪಕ್ಕ ಕುಕ್ಕರಗಾಲಲ್ಲಿ ಕೂತು ನೀರನ್ನೇ ದಿಟ್ಟಿಸುತ್ತಿದ್ದರು. ಪಾಪ, ಕಿವಿಯೋಲೆ ಬಿದ್ದುಹೋಗಿದೆ ಅಂದುಕೊಂಡೆ. ಮದುವೆ ಇನ್ನೂ ಗಟ್ಟಿಯಾಗಿರಲಿಲ್ಲ; ಹುಡುಗಿಯ ಮನೆಯವರ ಕಣ್ಣಿಗೆ ಒಳ್ಳೆಯವನಾಗುವ ಅವಕಾಶ ಚರಂಡಿಯಲ್ಲಿ ಸಿಕ್ಕರೂ ಬಿಡುವಂತಿರಲಿಲ್ಲ. ಇಸ್ತ್ರಿ ಮಾಡಿದ ಅಂಗಿಯ ತೋಳು ಮಡಚಿ, ಮೊಣಕೈವರೆಗೆ ಕೈ ಇಳಿಸಿದೆ.

ಸ್ವಲ್ಪ ಹೊತ್ತು ಅವರು ನನ್ನನ್ನು ನೋಡಿದರು. "ಏನು ಹುಡುಕ್ತಿದೀರಿ?"

"ನಿಮ್ಮ ಓಲೆ."

"ಎರಡೂ ಕಿವೀಲೇ ಇವೆ. ಈ ನೀರು ಎಡಕ್ಕೆ ತಿರುಗತ್ತೋ ಬಲಕ್ಕೋ ಅಂತ ನೋಡ್ತಿದ್ದೆ. ನೀವು ಬಂದು ಅಣೆಕಟ್ಟು ಕಟ್ಟಿದ್ರಿ."

ಚರಂಡಿ ನೋಡುತ್ತ ಕೂರುವವರಿಗೆ ಯಾರಾದರೂ ತಿಂಗಳ ಸಂಬಳ ಕೊಟ್ಟರೆ ಅದಕ್ಕೆ ಭೂಗೋಳಶಾಸ್ತ್ರ ಅನ್ನುತ್ತಾರೆ ಎಂದು ನನ್ನ ಹೆಂಡತಿ ಆಮೇಲೆ ವಿವರಿಸಿದಳು. ಅವರಪ್ಪ ದರ್ಜಿ. ದೇಶಗಳ ರಾಜಧಾನಿ ಬಾಯಿಪಾಠ ಮಾಡೋಕೆ ಕಾಲೇಜು ಯಾಕೆ ಎಂದು ಕತ್ತರಿ ಕೆಳಗಿಡದೆ ಕೇಳುತ್ತಿದ್ದರಂತೆ. ಅತ್ತಿಗೆಗೆ ರಾಜಧಾನಿಗಳು ಇವತ್ತಿಗೂ ಬರುವುದಿಲ್ಲ. ಆದರೆ ಒಂದು ಚಿಟಿಕೆ ಮಣ್ಣನ್ನು ಬೆರಳಲ್ಲಿ ತಿಕ್ಕಿ, ಅದು ಅಲ್ಲೇ ಹುಟ್ಟಿದ್ದೋ ನೀರು ತಂದು ಹಾಕಿದ್ದೋ ಎಂದು ಹೇಳಬಲ್ಲರು.

ಅವರಿಗೆ ಹೆಸರು ತಂದದ್ದು ಒಂದು ನದಿ. ಊರಿನ ಪೂರ್ವಕ್ಕೆ, ಹಳೆಯ ಇಟ್ಟಿಗೆ ಗೂಡುಗಳ ಆಚೆ, ನೆಲ ಉದ್ದಕ್ಕೆ ತಗ್ಗಾಗಿ ಬಾಗುತ್ತ ಹೋಗುತ್ತದೆ. ವಯಸ್ಸಿನಲ್ಲಿದ್ದಾಗ ಅತ್ತಿಗೆ ಮಣ್ಣು ಕೊರೆಯುವ ಉದ್ದನೆಯ ಕೈಬೈರಿಗೆ ಹೊತ್ತು ಅಲ್ಲೆಲ್ಲ ತಿರುಗಿದರು. ಕೊರೆದ ಕಡೆಯಲ್ಲೆಲ್ಲ ಹೊಳೆಮರಳು ಸಿಕ್ಕಿತು. ಈಗ ಊರಿನ ಪಶ್ಚಿಮಕ್ಕಿರುವ ನದಿ ಒಂದು ಕಾಲಕ್ಕೆ ಇಲ್ಲೇ ಹರಿಯುತ್ತಿತ್ತು ಎಂದು ಬರೆದರು; ಡಾಕ್ಟರೇಟ್ ಬಂತು, ಕೆಲಸ ಬಂತು, ಆ ನದಿ ಪಠ್ಯಪುಸ್ತಕಕ್ಕೂ ಹೋಯಿತು. ವಿಭಾಗದ ಗೋಡೆಯ ಮೇಲೆ, ನಕ್ಷೆ ಇಡುವ ಅಗಲದ ಡ್ರಾಯರುಗಳ ಮೇಲ್ಗಡೆ, ಅದು ನೀಲಿ ಚುಕ್ಕೆಗಳಲ್ಲಿ ಹರಿಯುತ್ತಿತ್ತು. ಆ ನದಿಗೆ ಒಂದು ಉಪನದಿಯನ್ನು ಕಂಡುಹಿಡಿದು ಅವರ ಶಿಷ್ಯನೊಬ್ಬನೂ ಡಾಕ್ಟರಾದ. ಮುಂದೆ ವಿಭಾಗದ ಮುಖ್ಯಸ್ಥನೂ ಆಗಿ, ಕೆಮ್ಮುವ ಮೊದಲೂ ಒಮ್ಮೆ ಗಂಟಲು ಸರಿಮಾಡಿಕೊಳ್ಳುವಷ್ಟು ಗಂಭೀರನಾದ. ನಮ್ಮ ಮನೆಯಲ್ಲಿ ಅವನ ಹೆಸರೇ ಉಪನದಿ.

ಅತ್ತಿಗೆಯ ನಿವೃತ್ತಿ ಹತ್ತಿರ ಬಂದಾಗ ಕುಲಪತಿಗಳಿಗೆ ಒಂದು ಯೋಚನೆ ಹೊಳೆಯಿತು. ಹೊಸ ಕಟ್ಟಡದ ಬಾಗಿಲಲ್ಲಿ ಆ ನದಿಯನ್ನು ಕಲ್ಲಿನಲ್ಲಿ ಕೆತ್ತಿಸುವುದು, ಕೆಳಗೆ ಅತ್ತಿಗೆಯ ಹೆಸರು, ಅದಕ್ಕಿಂತ ಸ್ವಲ್ಪ ದೊಡ್ಡ ಅಕ್ಷರದಲ್ಲಿ ಕುಲಪತಿಗಳ ಹೆಸರು. ಕಲ್ಲು ಬಂದೂ ಆಯಿತು.

ಅದೇ ಹೊತ್ತಿಗೆ ಆ ತಗ್ಗಿಗೆ ಅಡ್ಡಲಾಗಿ ನೀರಿನ ಪೈಪಿಗೆಂದು ಕಂದಕ ತೋಡಿದರು. ನಡು ಹಿಡಿದುಕೊಂಡೇ ಅತ್ತಿಗೆ ಅದರೊಳಗೆ ಇಳಿದರು. ಜೊತೆಗೆ ಹೋಗಿದ್ದ ನಾನು ಮೇಲೆ ಕೊಡೆ ಹಿಡಿದು ನಿಂತಿದ್ದೆ. ಅವರು ಕಂದಕದ ಗೋಡೆಯನ್ನು ಕೈಯಲ್ಲಿ ಸವರಿದರು, ಮುಂದೆ ಹೋದರು, ವಾಪಸು ಬಂದು ಮತ್ತೆ ಸವರಿದರು.

"ಏನತ್ತಿಗೆ, ಹುಷಾರಾಗಿದೀರಾ?"

"ಹುಷಾರಾಗಿದೀನಿ. ನದಿ ಇಲ್ಲ."

ನದಿ ತಂದ ಮರಳು ಪದರ ಪದರವಾಗಿ ಕೂತಿರುತ್ತದಂತೆ. ಇಲ್ಲಿದ್ದದ್ದು ಒಂದು ಗೇಣು ಮರಳು, ಅದರ ತುಂಬ ಇಟ್ಟಿಗೆ ಚೂರು. ಕೆಳಗೆ ಕಲ್ಲಿನಂತೆ ಗಟ್ಟಿಯಾದ ಜೇಡಿ, ಅದರಲ್ಲಿ ಚಕ್ರ ಕೊರೆದ ಜೋಡಿ ಜಾಡು. ಗೂಡಿನಿಂದ ಇಟ್ಟಿಗೆ ಸಾಗಿಸಿದ ಗಾಡಿಗಳು ತಲೆಮಾರುಗಟ್ಟಲೆ ಓಡಾಡಿ ನೆಲ ಸವೆಸಿದ್ದವು. ಕೆಸರಾದಾಗ ಯಾರೋ ಹೊಳೆಯಿಂದ ಮರಳು ತಂದು ಸುರಿದಿದ್ದರು. ಅತ್ತಿಗೆಯ ನದಿ ಒಂದು ಗಾಡಿದಾರಿ.

"ಪಕ್ಕದ ದಿಣ್ಣೆಯನ್ನೂ ನಾಲ್ಕು ಕಡೆ ಕೊರೆದಿದ್ರೆ ಮರಳು ಗಾಡಿ ಅಗಲಕ್ಕಷ್ಟೇ ಇದೆ ಅಂತ ಅವತ್ತೇ ಗೊತ್ತಾಗ್ತಿತ್ತು," ಅಂದರು ದಾರಿಯಲ್ಲಿ. "ನದಿ ಇರಬೇಕು ಅನ್ನಿಸಿದ ಕಡೆ ಮಾತ್ರ ಕೊರೆದೆ. ಅಲ್ಲಿ ಮರಳು ಸಿಕ್ಕಿದ ತಕ್ಷಣ ಕುಣಿದಾಡಿಬಿಟ್ಟೆ."

ನಾನು ನಗೆಬರಹ ಬರೆಯುವವನು. ನಾನು ಬರೆದದ್ದು ತಪ್ಪಾದರೆ ಓದುಗರು ನಗುತ್ತಾರೆ, ನನ್ನ ಕಸುಬೇ ಅದು. ಅವರ ಮಾತನ್ನು ಮಕ್ಕಳು ಪರೀಕ್ಷೆಯಲ್ಲಿ ಬರೆದು ಪಾಸಾಗಿದ್ದರು.

ವಿಷಯ ತಿಳಿದ ಉಪನದಿ ಸಂಜೆಗೇ ಅತ್ತಿಗೆಯ ಮನೆಗೆ ಬಂದ; ನಾನೂ ನನ್ನ ಹೆಂಡತಿಯೂ ಅಲ್ಲೇ ಇದ್ದೆವು. ಸಭೆಗಳಲ್ಲಿ ಅತ್ತಿಗೆ ಅವನಿಗೆ 'ನೀವು' ಅನ್ನುತ್ತಿದ್ದರು, ಮನೆಯಲ್ಲಿ 'ನೀನು'. ಅವನು 'ನೀವು' ನಿರೀಕ್ಷಿಸಿದವನಂತೆ ಕುರ್ಚಿಯ ತುದಿಯಲ್ಲಿ ಕೂತ.

"ಮೇಡಂ, ಬೀಳ್ಕೊಡುಗೆ ದಿನ ಎರಡು ಒಳ್ಳೆ ಮಾತಾಡಿ ಮುಗಿಸಿಬಿಡಿ. ಆಮೇಲೆ ನಿಧಾನಕ್ಕೆ ನೋಡೋಣ."

"ಆಮೇಲೆ ಅಂದ್ರೆ ಕಲ್ಲು ಕೆತ್ತಿದ ಮೇಲೆ."

"ನೀವು ನಿವೃತ್ತರಾಗಿ ಮನೇಲಿರ್ತೀರಿ. ನಾನು ದಿನಾ ಆ ಬಾಗಿಲಲ್ಲೇ ಓಡಾಡಬೇಕು. ನನ್ನ ಡಾಕ್ಟರೇಟು ಏನಾಗ್ಬೇಕು?"

"ಬೈರಿಗೆ ತಗೊಂಡು ಬಾ, ಕೊರೆದು ನೋಡೋಣ. ನಿಂದು ನಿಜವಾಗಿದ್ರೆ ಇರಲಿ."

"ನನಗೆ ಬೆನ್ನುನೋವು ಮೇಡಂ."

"ನನಗೂ ಇದೆ ಕಣೋ. ಅದಕ್ಕೇ ಇಬ್ಬರು ಬೇಕು."

ಅವನು ಚಹಾ ಪೂರ್ತಿ ಕುಡಿಯದೆ ಎದ್ದ. ಅವನು ಹೋದ ಮೇಲೆ ನನ್ನ ಹೆಂಡತಿ, "ಸುಮ್ಮನಿದ್ದುಬಿಡಕ್ಕ, ಯಾರಿಗೆ ಗೊತ್ತಾಗತ್ತೆ?" ಅಂದಳು. ಅತ್ತಿಗೆ ಕಪ್ಪು ತೊಳೆಯುತ್ತಿದ್ದರು.  ಆ ವಾರವೆಲ್ಲ ಸರಿಯಾಗಿ ಊಟ ಮಾಡಲಿಲ್ಲ ಎಂದು ನನ್ನ ಹೆಂಡತಿ ಹೇಳಿದಳು.

ಬೀಳ್ಕೊಡುಗೆಯ ದಿನ ಸಭಾಂಗಣ ತುಂಬಿತ್ತು. ವೇದಿಕೆಯಲ್ಲಿ ಕೆತ್ತಬೇಕಾದ ಕಲ್ಲು, ಅದರ ಮೇಲೆ ಸೀಮೆಸುಣ್ಣದಲ್ಲಿ ಬರೆದಿಟ್ಟ ನದಿ, ಕೆಳಗೆ ಎರಡೂ ಹೆಸರು. ಉಪನದಿ ಸ್ವಾಗತ ಭಾಷಣದಲ್ಲಿ ನದಿ ಎಂಬ ಪದವನ್ನು ಎಷ್ಟು ತಪ್ಪಿಸಿಕೊಂಡು ಹೋದನೆಂದರೆ, ಹೊಸಬರಿಗೆ ಅತ್ತಿಗೆ ಏನು ಪಾಠ ಮಾಡುತ್ತಿದ್ದರು ಎಂದೇ ತಿಳಿಯುವಂತಿರಲಿಲ್ಲ. ಅತ್ತಿಗೆ ಎದ್ದರು. ಕಂದಕದ ಗೋಡೆಯ ಚಿತ್ರ ತೋರಿಸಿದರು, ಗಾಡಿಯ ಜಾಡು ತೋರಿಸಿದರು, ತಾವು ಎಲ್ಲಿ ಕೊರೆಯಲಿಲ್ಲ ಎಂಬುದನ್ನು ನಕ್ಷೆಯಲ್ಲಿ ಒಂದೊಂದಾಗಿ ಗುರುತು ಮಾಡಿದರು. ಕಡೆಗೆ ಒರೆಸುವ ಬಟ್ಟೆ ತೆಗೆದು ಕಲ್ಲಿನ ಮೇಲಿದ್ದ ಸೀಮೆಸುಣ್ಣ ಅಳಿಸಿದರು. 

 ಉಪನದಿ ತನ್ನ ಬೂಟು ನೋಡುತ್ತಿದ್ದ. ಕುಲಪತಿಗಳು ಮಾತ್ರ, ತಮ್ಮ ಹೆಸರಿದ್ದ ಕಲ್ಲು ಖಾಲಿಯಾದದ್ದನ್ನು ಅರಗಿಸಿಕೊಳ್ಳಲಾಗದೆ, ಎದ್ದು ನಿಂತು ಮೈಕು ಎಳೆದುಕೊಂಡರು.

"ಅಲ್ಲ ಮೇಡಂ, ಹಾಗಾದ್ರೆ ಇಷ್ಟು ವರ್ಷ ಆ ನದಿ ಎಲ್ಲಿತ್ತು?"

"ನನ್ನ ತಲೇಲಿ," ಅಂದರು ಅತ್ತಿಗೆ. "ಕೂತ್ಕೊಳ್ಳಿ."