ಕಸದ ಫೈಲಿನ ದನಿ

ಯಾರಾದರೂ ಕೆಲಸ ಏನೆಂದು ಕೇಳಿದರೆ ಕಸ ಗುಡಿಸುವುದು ಎಂದೇ ಹೇಳುತ್ತೇನೆ. ಜನ ಕಂಪ್ಯೂಟರಿನಲ್ಲಿ ಮೀಟಿಂಗ್ ಮಾಡುವಾಗ ಹಿಂದೆ ಕುಕ್ಕರ್ ಕೂಗುತ್ತದೆ, ನಾಯಿ ಬೊಗಳುತ್ತದೆ, ಯಾರೋ ಕೆಮ್ಮುತ್ತಾರೆ. ಅದನ್ನೆಲ್ಲ ತೆಗೆದು ಮಾತನ್ನು ಮಾತ್ರ ಉಳಿಸುವ ತಂತ್ರಾಂಶ ಬರೆಯುವುದು ನನ್ನ ಉದ್ಯೋಗ. ತೆಗೆದ ಸದ್ದನ್ನು ಎಸೆಯುವುದಿಲ್ಲ. ಮಾತೇನಾದರೂ ತಪ್ಪಿ ಅದರ ಜೊತೆ ಹೋಗಿದೆಯೇ ಎಂದು ನೋಡಲು ಬೇರೊಂದು ಫೈಲಿನಲ್ಲಿ ಇಡುತ್ತೇವೆ. ನಮ್ಮ ತಂಡದಲ್ಲಿ ಅದಕ್ಕೆ ಕಸದ ಫೈಲ್ ಎಂದು ಹೆಸರು.

ನಾವಿರುವ ಪರದೇಶದ ಕಡಲತೀರದ ಊರು ಮುಕಿಲ್ಟಿಯೊದಲ್ಲಿ ಒಬ್ಬ ಇಟಲಿಯ ಮುದುಕರಿಗೂ ಹಾಗೆಯೇ ಹೇಳಿದ್ದೆ. ಅವರ ಮಗಳು ನನ್ನ ಗಂಡನ ಜೊತೆ ಅಲ್ಲಿನ ವಿಮಾನ ಕಾರ್ಖಾನೆಯಲ್ಲಿ ಎಂಜಿನಿಯರು. ಊಟಕ್ಕೆ ಕರೆದಿದ್ದಳು. ಮುದುಕರು ಕಿಟಕಿಯ ಪಕ್ಕ ಕುಳಿತು ಜನರನ್ನು ದಾಟಿಸುವ ಫೆರಿ ಹಡಗು ಹೋಗಿಬರುವುದನ್ನು ನೋಡುತ್ತಿದ್ದರು. ನನ್ನ ಮಾತು ಕೇಳಿ ಮುರುಕು ಇಂಗ್ಲಿಷಿನಲ್ಲಿ, "ನನ್ನ ದನಿಯನ್ನೂ ಹಾಗೇ ಗುಡಿಸಿ ಹಾಕಿದ್ರು" ಎಂದರು. ನೆಲದ ಮೇಲೆ ಮರದ ಪೆಟ್ಟಿಗೆ ಎಳೆದ ಹಾಗಿತ್ತು ಆ ದನಿ.

ಎರಡನೆಯ ಮಹಾಯುದ್ಧ ಮುಗಿದ ಮೇಲೆ ಇಟಲಿಯಲ್ಲಿ ಸಿನಿಮಾದವರು ಸ್ಟುಡಿಯೋ ಬಿಟ್ಟು ಬೀದಿಯ ಮುಖಗಳನ್ನು ಹುಡುಕಿಕೊಂಡು ಬರುತ್ತಿದ್ದರಂತೆ. ದಕ್ಷಿಣದ ಒಂದು ಬಂದರಿನಲ್ಲಿ ಮೀನಿನ ಬುಟ್ಟಿ ಹೊರುತ್ತಿದ್ದ ಇವರು ಒಬ್ಬ ನಿರ್ದೇಶಕನ ಕಣ್ಣಿಗೆ ಬಿದ್ದರು. ಮುಖ ಅವನಿಗೆ ಹಿಡಿಸಿತು, ಬಾಯಿ ಬಿಟ್ಟ ಮೇಲೆ ದನಿ ಹಿಡಿಸಲಿಲ್ಲ. ಅಲ್ಲಿ ಮಾತನ್ನು ಚಿತ್ರೀಕರಣ ಮುಗಿದ ಮೇಲೆ ಕೂಡಿಸುತ್ತಿದ್ದರು. ಇವರ ಮುಖಕ್ಕೆ ರಾಜಧಾನಿಯ ಒಬ್ಬ ನಾಟಕದ ನಟ ದನಿ ಕೊಟ್ಟ. ಮೂವತ್ತು ಚಿತ್ರ, ಮೂವತ್ತಕ್ಕೂ ಅವನದೇ ದನಿ. "ನನ್ನ ಹೆಂಡತಿ ಪ್ರೀತಿಸಿದ್ದು ಅವನನ್ನ, ಮದುವೆ ಆಗಿದ್ದು ನನ್ನನ್ನ" ಎಂದು ನಕ್ಕರು. ಹೋಟೆಲಿನಲ್ಲಿ ಬಾಯಿ ತೆರೆದರೆ ಜನರ ಮುಖ ಇಳಿದುಹೋಗುತ್ತಿತ್ತು. ಬೆರಳು ತೋರಿಸಿಯೇ ಕಾಫಿ ತರಿಸಿಕೊಳ್ಳುವುದನ್ನು ಕಲಿತರು.

ನಿರ್ದೇಶಕರಾದದ್ದೂ ಅದೇ ಕಾರಣಕ್ಕೆ. ತಮ್ಮೂರಿನಲ್ಲಿ, ತಮ್ಮೂರ ಆಡುಮಾತಿನಲ್ಲಿ, ತಮ್ಮದೇ ದನಿಯಲ್ಲಿ ಒಂದು ಚಿತ್ರ ಮಾಡಿದರು. ಕೊನೆಯ ದೃಶ್ಯದಲ್ಲಿ ಇವರೇ ಬೆಸ್ತ. ದೋಣಿ ಮಾರಿದ ಮೇಲೆ ಕೊಂಡವನಿಗೆ ಅದರ ಗುಣ ಹೇಳುತ್ತಾರೆ: ಇವಳು ಎಡಕ್ಕೆ ಎಳೆಯುತ್ತಾಳೆ, ಅದಕ್ಕೆ ಬೈಯಬೇಡ, ಮಳೆಯಲ್ಲಿ ಬಿಡಬೇಡ. ಬಿಡುಗಡೆಯ ದಿನ ಊರವರ ಜೊತೆ ಟಾಕೀಸಿನಲ್ಲಿ ಕುಳಿತರೆ ತೆರೆಯ ಮೇಲಿನ ಬಾಯಿಂದ ಮತ್ತೆ ಆ ನಾಟಕದವನ ಮಾತು. ವಿತರಕ ಹೇಳದೆ ಕೇಳದೆ ದನಿ ಬದಲಾಯಿಸಿದ್ದ. ದೋಣಿಯ ಮಾತನ್ನು ಅವನು ಸಿಂಹಾಸನ ಬಿಟ್ಟುಕೊಡುವ ರಾಜನ ಹಾಗೆ ಹೇಳಿದ್ದ. ಇವರ ತಾಯಿ ಅರ್ಧದಲ್ಲೇ ಎದ್ದು ಮನೆಗೆ ಹೋದಳು. ಮೂಲ ದನಿಯ ಸುರುಳಿ ಏನಾಯಿತೋ ಯಾರಿಗೂ ತಿಳಿಯಲಿಲ್ಲ. ಆಮೇಲೆ ಇನ್ನೆರಡು ಚಿತ್ರ ಮಾಡಿ ಸುಮ್ಮನಾದರು. ಹೆಂಡತಿ ತೀರಿಕೊಂಡ ಮೇಲೆ ಮಗಳ ಮನೆಗೆ ಬಂದರು.

ಕೇಳುತ್ತ ಕೇಳುತ್ತ ನನಗೆ ಸಿಟ್ಟು ಬರತೊಡಗಿತು. ಅದು ಅವರ ಸಲುವಾಗಿ ಬಂದ ಸಿಟ್ಟಷ್ಟೇ ಆಗಿರಲಿಲ್ಲ. ನನ್ನ ತಾಯಿ, ಅಮ್ಮಿ, ಆ ನಾಟಕದವನ ಸಾಲಿನವಳು.

ಮೈಸೂರಿನಲ್ಲಿ ಹೊಲಿಗೆ ಕ್ಲಾಸಿಗೆ ಹೋಗುತ್ತೇನೆಂದು ಅಜ್ಜಿಗೆ ಹೇಳಿ ಅಮ್ಮಿ ಸ್ಟುಡಿಯೋಗೆ ಹೋಗುತ್ತಿದ್ದಳು. ಕನ್ನಡ ಬಾರದ ನಾಯಕಿಯರಿಗೆ ಮಾತಾಡುತ್ತಿದ್ದಳು. ಡಬ್ಬಿಂಗ್ ಬೇಡವೆಂದು ಅಷ್ಟೆಲ್ಲ ಗಲಾಟೆಯಾದ ನಾಡಿನಲ್ಲಿ ಇದಕ್ಕೆ ಮಾತ್ರ ಕಂಠದಾನ ಎಂಬ ಚಂದದ ಹೆಸರು. ದಾನ ಎಂದ ಮೇಲೆ ಕೊಟ್ಟವರ ಹೆಸರು ಕೇಳಬಾರದಲ್ಲ, ತೆರೆಯ ಮೇಲೆ ಎಲ್ಲೂ ಬರುತ್ತಿರಲಿಲ್ಲ. ಮನೆಯಲ್ಲಿ ನಾವು ಆಡುತ್ತಿದ್ದುದು ಉರ್ದು. ಅಮ್ಮಿಯ ಕನ್ನಡವನ್ನು ನಾನು ಸರಿಯಾಗಿ ಕೇಳಿದ್ದು ಟಾಕೀಸಿನ ಕತ್ತಲಲ್ಲಿ. ಕಿವಿಯ ಬಳಿ ಬಗ್ಗಿ "ವೋ ಮೈಚ್" ಎನ್ನುತ್ತಿದ್ದಳು, ಅದು ನಾನೇ ಎಂದು. ತೆರೆಯ ಮೇಲೆ ಬೇರೆ ಯಾರೋ ಬೆಳ್ಳಗಿನ ಹೆಂಗಸು. ನನಗೆ ಆ ಹೆಂಗಸನ್ನು ಕಂಡರೆ ಆಗುತ್ತಿರಲಿಲ್ಲ.

ಅಮ್ಮಿ ಹೋಗಿ ಆರು ವರ್ಷ. ನನಗೆ ಕಳಿಸಿದ್ದೆಲ್ಲ ಟೈಪ್ ಮಾಡಿದ ಮೆಸೇಜು. ವಾಯ್ಸ್ ಮೆಸೇಜ್ ಕಳಿಸು ಎಂದರೆ, ದನಿ ಕೊಟ್ಟು ಕೊಟ್ಟು ಸಾಕಾಗಿದೆ ಎಂದು ಬರೆಯುತ್ತಿದ್ದಳು. ಅವಳ ದನಿ ಈಗ ಉಳಿದಿರುವುದು ಆ ಸಿನಿಮಾಗಳಲ್ಲಿ ಮಾತ್ರ. ಅದಕ್ಕಾಗಿ ಎಷ್ಟು ಹಂಬಲಿಸಿದರೂ ಸಿನಿಮಾ ಹಾಕಿದ ಐದು ನಿಮಿಷಕ್ಕೆ ಆ ಹೆಂಗಸಿನ ಮುಖ ನೋಡಲಾರದೆ ಆರಿಸಿಬಿಡುತ್ತೇನೆ. ಇದನ್ನೂ ಮುದುಕರಿಗೆ ಹೇಳಿದೆ. ಅವರು ತಮ್ಮ ಗಂಟಲು ಮುಟ್ಟಿಕೊಂಡರು. ಮುಂದಿನ ತಿಂಗಳು ಆಪರೇಷನ್, ದನಿಪೆಟ್ಟಿಗೆಯನ್ನೇ ತೆಗೆಯುತ್ತಾರಂತೆ. "ಅದಕ್ಕೆ ಮುಂಚೆ ಆ ದೋಣಿ ದೃಶ್ಯಕ್ಕೆ ನನ್ನ ದನಿ ಕೂಡಿಸ್ತೀಯಾ?" ಎಂದು ಕೇಳಿದರು.

ನಾರ್ತ್ ಕ್ರೀಕಿನ ನಮ್ಮ ಮನೆಗೆ ಡ್ರೈವ್ ಮಾಡುತ್ತ ನನ್ನ ಗಂಡ ಗೊಣಗಿದ. ಅವನು ಬೆಂಗಳೂರಿನವನು, ನಾವಿಬ್ಬರೂ ಕಾಲೇಜಿನಿಂದ ಕನ್ನಡದಲ್ಲೇ ಜಗಳವಾಡಿಕೊಂಡು ಬಂದವರು.

"ಒಪ್ಕೊಂಡ್ಬಿಟ್ಯಲ್ಲ, ಟೈಮ್ ಎಲ್ಲಿದೆ ನಿಂಗೆ?"

"ನಿನ್ನ ಸ್ಯಾಟರ್ಡೇ ಕ್ರಿಕೆಟ್ ಬಿಟ್ಟು ಮಗಳನ್ನ ಸ್ವಿಮ್ಮಿಂಗ್‌ಗೆ ಡ್ರಾಪ್ ಮಾಡು, ಟೈಮ್ ತಾನಾಗೇ ಸಿಗುತ್ತೆ."

ಮೂರು ಶನಿವಾರ ಹೋದೆ. ಕಿಟಕಿ ಮುಚ್ಚಲು ಅವರು ಬಿಡಲಿಲ್ಲ, ಸಮುದ್ರ ಕೇಳಿಸಬೇಕಂತೆ. ತೆರೆಯ ಮೇಲಿನ ತಮ್ಮ ಎಳೆಯ ತುಟಿಗಳನ್ನು ಕಣ್ಣು ಕಿರಿದಾಗಿಸಿ ನೋಡುತ್ತ ಮಾತು ಹೊಂದಿಸುತ್ತಿದ್ದರು. ಉಸಿರು ಸಾಲದೆ ನಿಲ್ಲಿಸುತ್ತಿದ್ದರು, ಕೆಮ್ಮುತ್ತಿದ್ದರು, ನನ್ನನ್ನೇ ಗದರುತ್ತಿದ್ದರು. ಆ ಆಡುಮಾತು ಅವರ ಮಗಳಿಗೂ ಬರುವುದಿಲ್ಲ. ಮೂರನೆಯ ಶನಿವಾರ ಇಡೀ ದೃಶ್ಯವನ್ನು ಒಂದೇ ಸಲಕ್ಕೆ ಹೇಳಿ, ಸುಸ್ತಾಗಿ, ಕೇಳಿಸಿಕೊಳ್ಳದೆಯೇ ಮಲಗಿದರು. ಸೋಮವಾರ ಆಪರೇಷನ್ ಆಯಿತು.

ಅವರು ಮನೆಗೆ ಬರುವಷ್ಟರಲ್ಲಿ ದೃಶ್ಯ ಸಿದ್ಧವಿತ್ತು. ಹೆಮ್ಮೆಯಿಂದಲೇ ಲ್ಯಾಪ್‌ಟಾಪ್ ತೆರೆದೆ. ಕೊರಳಿಗೆ ಬಟ್ಟೆ ಸುತ್ತಿಕೊಂಡು ಕುಳಿತಿದ್ದ ಮುದುಕರು ಕೊನೆಯವರೆಗೂ ಕೇಳಿ, ಮಡಿಲಲ್ಲಿದ್ದ ಸ್ಲೇಟಿನ ಮೇಲೆ ಬರೆದರು: "ಇದು ಮತ್ತೆ ಅವನೇ."

ನನಗೆ ಅರ್ಥವಾಗಲಿಲ್ಲ. ಇನ್ನೊಮ್ಮೆ ಹಾಕಿದೆ. ಅಲ್ಲಿಯವರೆಗೆ ತುಟಿ ಹೊಂದುತ್ತದೆಯೇ ಎಂದಷ್ಟೇ ನೋಡಿದ್ದವಳಿಗೆ ಆಗ ಕಿವಿಗೆ ಬಿತ್ತು. ಉಸಿರಿಲ್ಲ, ಒಡಕಿಲ್ಲ, ಮರದ ಪೆಟ್ಟಿಗೆ ಎಳೆದ ಸದ್ದಿಲ್ಲ. ನುಣ್ಣಗಿನ, ಯಾರದೋ ಗಂಡು ದನಿ. ಕೆಲಸದ ಅಭ್ಯಾಸದಲ್ಲಿ ನಮ್ಮ ತಂತ್ರಾಂಶದಲ್ಲೇ ದನಿ ಹಿಡಿದಿದ್ದೆ, ಅದು ಹಿಡಿಯುತ್ತಲೇ ಗುಡಿಸುತ್ತದೆ, ಆ ಗುಡಿಸುವುದನ್ನು ನಿಲ್ಲಿಸಲು ಮರೆತಿದ್ದೆ. ನಾನು ಬೈಯುತ್ತಿದ್ದ ವಿತರಕ ಮಾಡಿದ್ದನ್ನೇ ನಾನೂ ಮಾಡಿದ್ದೆ, ಮತ್ತೆ ಹೇಳಿಸೋಣವೆಂದರೆ ಹೇಳುವ ಕಂಠ ಇಲ್ಲ. ನಾಚಿಕೆಯಿಂದ ಅವರ ಮುಖ ನೋಡಲಾಗಲಿಲ್ಲ.

ಕಾರಿಗೆ ಹೋಗಿ ಬಾಗಿಲು ಹಾಕಿಕೊಂಡು ಅತ್ತೆ. ಅತ್ತು ಮುಗಿದ ಮೇಲೆ ಕಸದ ಫೈಲ್ ನೆನಪಾಯಿತು.

ಅಲ್ಲೇ ತೆರೆದೆ. ಕಡಲಹಕ್ಕಿ, ಫೆರಿಯ ಹಾರನ್, ಕುರ್ಚಿಯ ಕಿರಕಿರ. ಇವೆಲ್ಲದರ ನಡುವೆ ಮಾತಿಲ್ಲದ ಮುದುಕರು: ಪ್ರತಿ ಸಾಲಿಗೆ ಮುಂಚಿನ ಉಸಿರು, ಗಂಟಲಿನ ಗರಗರ, ದೋಣಿಯ ಮಾತಿಗೆ ಬಂದಾಗ ಒಂದು ಸಣ್ಣ ಬಿಕ್ಕು. ನುಣ್ಣಗಿನ ದನಿಗೆ ಇದಷ್ಟನ್ನೂ ವಾಪಸು ಕೂಡಿಸಿದರೆ ಮೊದಲಿನದೇ ಸಿಗುತ್ತದೆ, ಬರೀ ಕೂಡುವ ಲೆಕ್ಕ. ಕಾರಿನಲ್ಲೇ ಕೂಡಿಸಿ ಒಳಗೆ ಹೋದೆ.

ಈ ಸಲ ಮೊದಲ ಉಸಿರಿಗೇ ಅವರು ನೆಟ್ಟಗೆ ಕುಳಿತರು. ತೆರೆಯ ಮೇಲೆ ತರುಣ ಬೆಸ್ತ ಮುದುಕನ ದನಿಯಲ್ಲಿ ದೋಣಿಯ ಗುಣ ಹೇಳತೊಡಗಿದ. ಕುರ್ಚಿಯಲ್ಲಿ ದನಿಯಿಲ್ಲದ ಮುದುಕರು ಅದಕ್ಕೆ ತುಟಿ ಕೂಡಿಸಿದರು. ಒಂದು ಮಾತೂ ತಪ್ಪಲಿಲ್ಲ. ಅವರ ಮಗಳು ಅಡುಗೆಮನೆಯ ಬಾಗಿಲಲ್ಲಿ ನಿಂತುಬಿಟ್ಟಳು.

ಮುಗಿದ ಮೇಲೆ ಕಣ್ಣೊರೆಸಿಕೊಂಡು ಅವರು ಸ್ಲೇಟಿನ ಮೇಲೆ ಬರೆದರು: "ಈಗ ನಿನ್ನ ತಾಯಿ. ಕಸ ತೆಗೆಯಬೇಡ."

ಯಾರೋ ಇಂಟರ್‌ನೆಟ್ಟಿಗೆ ಹಾಕಿದ್ದ ಅಮ್ಮಿಯ ಒಂದು ಸಿನಿಮಾದ ಸವೆದ ಪ್ರತಿ ನನ್ನಲ್ಲಿತ್ತು. ಹಾಕಿದೆ. ಆ ಬೆಳ್ಳಗಿನ ಹೆಂಗಸು ಬರುತ್ತಲೇ ನನ್ನ ಮುಖ ಗಂಟಾದದ್ದನ್ನು ಅವರು ನೋಡಿರಬೇಕು. ಕೈ ಚಾಚಿ ಲ್ಯಾಪ್‌ಟಾಪನ್ನು ಗೋಡೆಯ ಕಡೆ ತಿರುಗಿಸಿಬಿಟ್ಟರು. ಈಗ ನೋಡಲು ಮುಖವೇ ಇರಲಿಲ್ಲ. ಕರಕರ ಸದ್ದು, ಒಂದು ಉಸಿರು, ಆಮೇಲೆ ಅಮ್ಮಿ.

"ಎಲ್ಲಿ ಹೋಗಿದ್ದೆ ಇಷ್ಟು ಹೊತ್ತು? ಎಷ್ಟು ಸಲ ಕೂಗ್ದೆ."

ಬದುಕಿದ್ದಾಗ ನಾವಿಬ್ಬರೂ ಒಂದು ದಿನವೂ ಕನ್ನಡದಲ್ಲಿ ಮಾತಾಡಿಕೊಂಡವರಲ್ಲ.

"ಇಲ್ಲೇ ಇದ್ದೆ ಅಮ್ಮಿ" ಎಂದೆ. "ಕೇಳಿಸ್ಲಿಲ್ಲ."